ಯುದ್ಧೋತ್ತರ ಜಪಾನಿನಲ್ಲಿ ಮಹಿಳಾ ಸ್ವಾವಲಂಬನೆ

ಎರಡನೆಯ ಮಹಾಯುದ್ಧದಲ್ಲಿ ಜಪಾನ್ ಸೋತ 1945ರಿಂದೀಚೆಗೆ ಅಲ್ಲಿನ ಮಹಿಳೆಯರು ಮತದಾನ, ಮದುವೆ, ಆಸ್ತಿ, ವಿದ್ಯೆ, ದುಡಿಮೆ ಹಾಗೂ ತಮ್ಮ ದೇಹದ ವಿಷಯದಲ್ಲಿ ಸ್ವತಂತ್ರ ನಿರ್ಧಾರದ ಹಕ್ಕನ್ನು ಪಡೆಯಲು, ಪಡೆದ ಹಕ್ಕನ್ನು ನಿತ್ಯಜೀವನದಲ್ಲಿ ಚಲಾಯಿಸಲು ನಡೆಸಿಕೊಂಡು ಬಂದಿರುವ ಪ್ರಯತ್ನಗಳ ಒಟ್ಟು ಚರಿತ್ರೆಯನ್ನು ಮಹಿಳಾ ಸ್ವಾವಲಂಬನೆ ಎಂದು ಇಲ್ಲಿ ಕರೆಯಲಾಗಿದೆ. ಜಪಾನಿಯಲ್ಲಿ ಇದಕ್ಕೆ ಸಮೀಪದ ಪದ ಜಿರಿತ್ಸು. ಸ್ವಂತ ಸಂಪಾದನೆ ಮತ್ತು ಸ್ವಂತ ನಿರ್ಧಾರ ಎರಡೂ ಅದರಲ್ಲಿ ಸೇರುತ್ತವೆ. ಸಮಾನತೆಯ ಕಾನೂನು ಇಲ್ಲಿ ಚಳವಳಿ ಬಲಿಯುವ ಮೊದಲೇ, 1947ರ ಹೊತ್ತಿಗೆ, ಬಹುಮಟ್ಟಿಗೆ ಸಿದ್ಧವಾಯಿತು. ಮುಂದಿನ ಎಪ್ಪತ್ತೈದು ವರ್ಷಗಳ ಹೋರಾಟ ನಡೆದದ್ದು ಸಂಬಳ, ನಿವೃತ್ತಿ ವಯಸ್ಸು, ತೆರಿಗೆ, ಪಿಂಚಣಿ, ಮನೆಹೆಸರು, ಮುದುಕರ ಆರೈಕೆ ಮುಂತಾದ ಹೊರನೋಟಕ್ಕೆ ಸಣ್ಣವೆನಿಸುವ ವಿಷಯಗಳ ಸುತ್ತ. ಈ ಲೇಖನದಲ್ಲಿ ಜಪಾನಿ ವ್ಯಕ್ತಿನಾಮಗಳನ್ನು ಆ ದೇಶದ ರೂಢಿಯಂತೆ ಮನೆಹೆಸರು ಮೊದಲು ಬರುವಂತೆ ಕೊಟ್ಟಿದೆ.

ಯುದ್ಧಪೂರ್ವ ಹಿನ್ನೆಲೆ

1898ರಲ್ಲಿ ಜಾರಿಗೆ ಬಂದ ಮೇಜಿ ಕಾಲದ ನಾಗರಿಕ ಸಂಹಿತೆ ಸಮುರಾಯಿ ಮನೆತನಗಳ ಪದ್ಧತಿಯನ್ನು ಇಡೀ ದೇಶಕ್ಕೆ ಹರಡಿತು. ಇದಕ್ಕೆ 'ಇಯೆ' ಪದ್ಧತಿ ಎಂದು ಹೆಸರು. ಇಯೆ ಎಂದರೆ ತಲೆಮಾರುಗಳ ಉದ್ದಕ್ಕೂ ಮುಂದುವರಿಯುವ ಮನೆತನ. ಅದರ ಯಜಮಾನನಿಗೆ (ಕೋಶು) ಮನೆಯವರು ಎಲ್ಲಿ ವಾಸಿಸಬೇಕು, ಯಾರನ್ನು ಮದುವೆಯಾಗಬೇಕು ಎಂಬುದರ ಮೇಲೆ ಅಧಿಕಾರವಿತ್ತು. ಯಜಮಾನಿಕೆಯೂ ಅದರೊಂದಿಗೆ ಆಸ್ತಿಯೂ ಸಾಮಾನ್ಯವಾಗಿ ಹಿರಿಯ ಮಗನಿಗೆ ಹೋಗುತ್ತಿತ್ತು. ಮದುವೆಯಾದ ಹೆಣ್ಣು ಗಂಡನ ಇಯೆಗೆ ಸೇರಿ, ಸಾಲ, ಸ್ಥಿರಾಸ್ತಿ ವ್ಯವಹಾರ, ದಾವೆ ಇವುಗಳಿಗೆ ಗಂಡನ ಒಪ್ಪಿಗೆ ಪಡೆಯಬೇಕಿತ್ತು. ಹೆಂಡತಿಯ ವ್ಯಭಿಚಾರ ಶಿಕ್ಷಾರ್ಹ ಅಪರಾಧವಾಗಿತ್ತು. ವಿವಾಹಿತ ಪುರುಷ ಬೇರೆ ಹೆಣ್ಣಿನ ಸಂಗ ಮಾಡಿದರೆ, ಆಕೆ ಇನ್ನೊಬ್ಬನ ಹೆಂಡತಿಯಲ್ಲದಿದ್ದಲ್ಲಿ, ಅದು ಅಪರಾಧವಾಗುತ್ತಿರಲಿಲ್ಲ.

ಶಾಲೆಗಳು ಹೆಣ್ಣುಮಕ್ಕಳ ಮುಂದಿಟ್ಟ ಆದರ್ಶದ ಹೆಸರು 'ರ್ಯೋಸಾಯಿ ಕೆಂಬೊ'. ಒಳ್ಳೆಯ ಹೆಂಡತಿ, ವಿವೇಕಿ ತಾಯಿ. ಇದು ಪುರಾತನ ಸಂಪ್ರದಾಯವಲ್ಲ, ಹತ್ತೊಂಬತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ರಾಷ್ಟ್ರನಿರ್ಮಾಣದ ಅಂಗವಾಗಿ ರೂಪುಗೊಂಡ ನೀತಿ. ಬಡ ಮನೆಗಳ ಹೆಣ್ಣುಮಕ್ಕಳ ಪಾಲಿಗೆ ಅದು ದೂರದ ಮಾತಾಗಿತ್ತು. ಅವರು ರೇಷ್ಮೆ ಮತ್ತು ಹತ್ತಿ ಗಿರಣಿಗಳಲ್ಲಿ ದುಡಿದು ದೇಶಕ್ಕೆ ವಿದೇಶಿ ವಿನಿಮಯ ತಂದರು.

ವಿರೋಧದ ದನಿಯೂ ಆಗಲೇ ಇತ್ತು. ಹಿರಾತ್ಸುಕಾ ರೈಚೋ ಮತ್ತು ಗೆಳತಿಯರು 1911ರಲ್ಲಿ 'ಸೇಯಿತೋ' ಪತ್ರಿಕೆ ಆರಂಭಿಸಿದರು. ರೈಚೋ, ಇಚಿಕಾವಾ ಫುಸಾಯೆ, ಓಕು ಮುಮೆಯೊ ಸೇರಿ 1920ರಲ್ಲಿ ಹೊಸ ಮಹಿಳಾ ಸಂಘ ಕಟ್ಟಿದರು. ಅದರ ಒತ್ತಾಯದ ಫಲವಾಗಿ 1922ರಲ್ಲಿ ಮಹಿಳೆಯರು ರಾಜಕೀಯ ಸಭೆಗಳಿಗೆ ಹೋಗುವುದರ ಮೇಲಿದ್ದ ನಿಷೇಧ ತೆರವಾಯಿತು. ಮತದ ಹಕ್ಕು ಮಾತ್ರ ಸಿಗಲಿಲ್ಲ. ಯುದ್ಧಕಾಲದಲ್ಲಿ ಈ ಸಂಘಟನೆಗಳು ಸರ್ಕಾರಿ ಮಹಿಳಾ ಸಂಘಗಳ ನೆರಳಿಗೆ ಸರಿದವು. ಅನೇಕ ನಾಯಕಿಯರು ಯುದ್ಧಕ್ಕೆ ಸಹಕಾರ ಕೊಟ್ಟದ್ದು ಮುಂದಿನ ಪೀಳಿಗೆಯ ಇತಿಹಾಸಕಾರ್ತಿಯರಲ್ಲಿ ದೊಡ್ಡ ಚರ್ಚೆಗೆ ಕಾರಣವಾಯಿತು.

1945–1948: ಕಾನೂನಿನ ಬದಲಾವಣೆ

ಶರಣಾಗತಿಯ ಬೆನ್ನಲ್ಲೇ ಜಪಾನಿನ ಆಡಳಿತ ಮಹಿಳೆಯರ ವಿಷಯದಲ್ಲಿ ಕೈಗೊಂಡ ಮೊದಲ ಕ್ರಮಗಳಲ್ಲೊಂದು ವಿಮೋಚನೆಗೆ ಸಂಬಂಧಿಸಿದ್ದಲ್ಲ. 1945ರ ಆಗಸ್ಟ್‌ನಲ್ಲಿ ವಿದೇಶಿ ಸೈನಿಕರಿಗಾಗಿ ವೇಶ್ಯಾಗೃಹಗಳ ಸಂಘವೊಂದನ್ನು ಸರ್ಕಾರದ ಬೆಂಬಲದಿಂದ ತೆರೆಯಲಾಯಿತು. ಯುದ್ಧದಲ್ಲಿ ಮನೆಮಾರು ಕಳೆದುಕೊಂಡ ಯುವತಿಯರನ್ನು ಅಲ್ಲಿಗೆ ಸೇರಿಸಲಾಯಿತು. ಮರುವರ್ಷದ ಮೊದಲ ತಿಂಗಳುಗಳಲ್ಲಿ ಅದು ಮುಚ್ಚಿತು.

ಮಿತ್ರರಾಷ್ಟ್ರಗಳ ದಂಡನಾಯಕ ಡಗ್ಲಾಸ್ ಮೆಕಾರ್ಥರ್ 1945ರ ಅಕ್ಟೋಬರ್ 11ರಂದು ಸರ್ಕಾರಕ್ಕೆ ಕೊಟ್ಟ ಐದು ಸುಧಾರಣೆಗಳ ಸೂಚನೆಯಲ್ಲಿ ಮಹಿಳೆಯರ ವಿಮೋಚನೆಯೂ ಇತ್ತು. ಡಿಸೆಂಬರ್ 17ರಂದು ಚುನಾವಣಾ ಕಾನೂನು ತಿದ್ದುಪಡಿಯಾಗಿ 20 ವರ್ಷ ತುಂಬಿದ ಮಹಿಳೆಯರಿಗೆ ಮತದಾನದ ಹಕ್ಕು ದೊರೆಯಿತು. 1946ರ ಏಪ್ರಿಲ್ 10ರ ಚುನಾವಣೆಯಲ್ಲಿ ಸುಮಾರು 1 ಕೋಟಿ 38 ಲಕ್ಷ ಮಹಿಳೆಯರು ಮತ ಹಾಕಿದರು. 39 ಮಹಿಳೆಯರು ಗೆದ್ದರು. ಮರುವರ್ಷ ಚುನಾವಣಾ ಪದ್ಧತಿ ಬದಲಾಗಿ ಈ ಸಂಖ್ಯೆ 15ಕ್ಕೆ ಕುಸಿಯಿತು. ಕೆಳಮನೆಯಲ್ಲಿ 39ರ ದಾಖಲೆಯನ್ನು ದಾಟಲು 2005ರವರೆಗೆ ಕಾಯಬೇಕಾಯಿತು.

ಹೊಸ ಸಂವಿಧಾನದ ಕರಡು ಮೆಕಾರ್ಥರ್ ಅವರ ಕಚೇರಿಯಲ್ಲಿ 1946ರ ಫೆಬ್ರವರಿಯಲ್ಲಿ ಸುಮಾರು ಒಂದು ವಾರದಲ್ಲಿ ಸಿದ್ಧವಾಯಿತು. ಮಹಿಳೆಯರ ಹಕ್ಕುಗಳ ಭಾಗವನ್ನು ಬರೆದವರು 22 ವರ್ಷದ ಬೆಯಾಟೆ ಸಿರೋಟಾ. ವಿಯೆನ್ನಾದಲ್ಲಿ ಹುಟ್ಟಿ, ಪಿಯಾನೊ ವಾದಕನಾಗಿದ್ದ ತಂದೆಯೊಂದಿಗೆ ಟೋಕಿಯೊದಲ್ಲಿ ಬೆಳೆದಿದ್ದ ಆಕೆಗೆ ಜಪಾನಿ ಮನೆಗಳಲ್ಲಿ ಹೆಣ್ಣಿನ ಸ್ಥಾನ ಏನೆಂಬುದು ಕಣ್ಣಾರೆ ಗೊತ್ತಿತ್ತು. ಗರ್ಭಿಣಿಯರಿಗೆ ನೆರವು, ವಿವಾಹಬಾಹಿರ ಮಕ್ಕಳಿಗೆ ಸಮಾನತೆ ಮುಂತಾಗಿ ಆಕೆ ಬರೆದ ವಿವರವಾದ ವಿಧಿಗಳನ್ನು ಮೇಲಧಿಕಾರಿಗಳು ಕೈಬಿಟ್ಟರು. ಉಳಿದದ್ದು 24ನೆಯ ವಿಧಿ. ಮದುವೆಗೆ ಗಂಡು ಹೆಣ್ಣಿನ ಪರಸ್ಪರ ಒಪ್ಪಿಗೆಯೊಂದೇ ಆಧಾರ ಮತ್ತು ದಾಂಪತ್ಯದಲ್ಲಿ ಇಬ್ಬರ ಹಕ್ಕೂ ಸಮಾನ ಎಂದು ಅದು ಸಾರುತ್ತದೆ. 14ನೆಯ ವಿಧಿ ಲಿಂಗಭೇದವನ್ನು ನಿಷೇಧಿಸುತ್ತದೆ. ಸಂವಿಧಾನ 1947ರ ಮೇ 3ರಂದು ಜಾರಿಗೆ ಬಂತು.

ಅದಕ್ಕೆ ಹೊಂದುವಂತೆ ತಿದ್ದಿದ ನಾಗರಿಕ ಸಂಹಿತೆ 1948ರ ಜನವರಿ 1ರಿಂದ ಅನ್ವಯವಾಯಿತು. ಯಜಮಾನನ ಅಧಿಕಾರ ರದ್ದಾಯಿತು, ಗಂಡುಮಕ್ಕಳಿಗೂ ಹೆಣ್ಣುಮಕ್ಕಳಿಗೂ ಸಮಪಾಲು ಬಂತು, ವಿಚ್ಛೇದನದ ಕಾರಣಗಳು ಇಬ್ಬರಿಗೂ ಒಂದೇ ಆದವು. ವ್ಯಭಿಚಾರದ ಅಪರಾಧವನ್ನು 1947ರಲ್ಲಿ ದಂಡ ಸಂಹಿತೆಯಿಂದ ತೆಗೆಯಲಾಯಿತು. ಅದೇ ವರ್ಷದ ಕಾರ್ಮಿಕ ಮಾನದಂಡ ಕಾಯಿದೆ ಸಮಾನ ಕೆಲಸಕ್ಕೆ ಸಮಾನ ವೇತನ, ಹೆರಿಗೆ ರಜೆ, ಮುಟ್ಟಿನ ರಜೆಗಳನ್ನು ಕೊಟ್ಟಿತು. ರಾತ್ರಿಪಾಳಿಗೆ ಮಿತಿ ಹಾಕಿತು. ಹೊಸ ಕಾರ್ಮಿಕ ಸಚಿವಾಲಯದ ಮಹಿಳಾ ಮತ್ತು ಕಿರಿಯರ ವಿಭಾಗಕ್ಕೆ ಸಮಾಜವಾದಿ ಚಿಂತಕಿ ಯಾಮಾಕಾವಾ ಕಿಕುಯೆ ಮೊದಲ ಮುಖ್ಯಸ್ಥೆಯಾದರು. ಟೋಕಿಯೊ ವಿಶ್ವವಿದ್ಯಾಲಯ 1946ರಲ್ಲಿ ಮೊದಲ ಬಾರಿಗೆ 19 ವಿದ್ಯಾರ್ಥಿನಿಯರನ್ನು ಸೇರಿಸಿಕೊಂಡಿತು.

ಹಳೆಯ ಪದ್ಧತಿಯ ಎರಡು ಗುರುತುಗಳು ಉಳಿದುಕೊಂಡವು. ಒಂದು, ಕುಟುಂಬ ನೋಂದಣಿ ಪುಸ್ತಕ (ಕೊಸೆಕಿ). ಮೂರು ತಲೆಮಾರುಗಳ ಬದಲು ಗಂಡ, ಹೆಂಡತಿ, ಅವಿವಾಹಿತ ಮಕ್ಕಳಿಗೆ ಅದು ಕುಗ್ಗಿತಾದರೂ ನಾಗರಿಕರನ್ನು ಕುಟುಂಬವಾಗಿಯೇ ದಾಖಲಿಸುವುದು ಮುಂದುವರಿಯಿತು. ಇನ್ನೊಂದು, ಸಂಹಿತೆಯ 750ನೆಯ ಕಲಮು. ಗಂಡ ಹೆಂಡಿರು ಒಂದೇ ಮನೆಹೆಸರು ಇಟ್ಟುಕೊಳ್ಳಬೇಕು, ಅದು ಯಾರದ್ದಾದರೂ ಆಗಬಹುದು ಎನ್ನುತ್ತದೆ ಅದು. ಆಯ್ಕೆ ಕಾಗದದ ಮೇಲಿದೆ. ಹೆಸರು ಬದಲಿಸಿಕೊಳ್ಳುವವರು ಶೇ. 95ರಷ್ಟು ಪ್ರಸಂಗಗಳಲ್ಲಿ ಹೆಂಡತಿಯರೇ.

ಗೃಹಿಣಿ ವ್ಯವಸ್ಥೆ

ಕಾನೂನಿನ ಇಯೆ ಹೋದ ಮೇಲೆ ಅದರ ಜಾಗಕ್ಕೆ ಬಂದದ್ದು ಕಂಪನಿ ಮತ್ತು ಪುಟ್ಟ ಸಂಸಾರದ ಜೋಡಿ. 1955ರ ಸುಮಾರಿಗೆ ಆರಂಭವಾದ ವೇಗದ ಆರ್ಥಿಕ ಬೆಳವಣಿಗೆಯಲ್ಲಿ ಗಂಡಸು ಒಂದೇ ಕಂಪನಿಯಲ್ಲಿ ಜೀವಮಾನವಿಡೀ ದುಡಿಯುವ 'ಸರಾರೀಮನ್' ಆದ. ಅವನ ಊಟ, ಬಟ್ಟೆ, ಮಕ್ಕಳ ಓದು, ತಂದೆತಾಯಿಯ ಆರೈಕೆ ಎಲ್ಲವನ್ನೂ ಹೊತ್ತವಳು 'ಸೆಂಗ್ಯೋ ಶುಫು', ಅಂದರೆ ಪೂರ್ಣಕಾಲಿಕ ಗೃಹಿಣಿ. ಹೊಲಗದ್ದೆ, ಅಂಗಡಿಗಳಲ್ಲಿ ಗಂಡನ ಸರಿಸಮಕ್ಕೆ ದುಡಿಯುತ್ತಿದ್ದ ತಾಯಂದಿರ ಹೆಣ್ಣುಮಕ್ಕಳು ಸಾಮೂಹಿಕವಾಗಿ ಗೃಹಿಣಿಯರಾದದ್ದು ಈ ಕಾಲದಲ್ಲೇ. ಆದ್ದರಿಂದ ಇದನ್ನು ಪ್ರಾಚೀನ ಪದ್ಧತಿಯ ಉಳಿಕೆ ಎನ್ನುವುದಕ್ಕಿಂತ ಕೈಗಾರಿಕಾ ಯುಗದ ಸೃಷ್ಟಿ ಎನ್ನುವುದು ಹೆಚ್ಚು ಸರಿ. 1955ರಲ್ಲಿ ಸ್ಥಾಪನೆಯಾದ ಜಪಾನ್ ವಸತಿ ನಿಗಮ ಕಟ್ಟಿದ 'ದಾಂಚಿ' ವಸತಿ ಸಮುಚ್ಚಯಗಳು, ಬಟ್ಟೆ ಒಗೆಯುವ ಯಂತ್ರ, ಫ್ರಿಜ್ಜು, ಟಿವಿ ಇವು ಈ ಸಂಸಾರದ ಚಿಹ್ನೆಗಳಾದವು.

ಗೃಹಿಣಿಗೆ ಮನೆಯೊಳಗೆ ಅಧಿಕಾರವಿರಲಿಲ್ಲ ಎನ್ನಲಾಗದು. ಗಂಡನ ಸಂಬಳವನ್ನು ಪೂರ್ತಿ ತನ್ನ ಕೈಗೆ ತೆಗೆದುಕೊಂಡು, ಅವನ ಕೈಖರ್ಚಿಗೆ ತಾನೇ ಎಣಿಸಿ ಕೊಡುವುದು ಹಲವು ಮನೆಗಳ ರೂಢಿ. ಆದರೆ ಆ ಹಣ ಅವಳ ಸಂಪಾದನೆಯಲ್ಲ. ಗಂಡ ಸತ್ತರೆ, ಬಿಟ್ಟರೆ ಅಧಿಕಾರವೂ ಹೋಗುತ್ತಿತ್ತು. ಈ ಇಕ್ಕಟ್ಟನ್ನು ಬಯಲಿಗೆ ತಂದದ್ದು 1955ರ 'ಗೃಹಿಣಿ ವಾಗ್ವಾದ'. ಇಶಿಗಾಕಿ ಆಯಾಕೊ 'ಫುಜಿನ್ ಕೋರೊನ್' ಪತ್ರಿಕೆಯಲ್ಲಿ ಗೃಹಿಣಿಯ ಕೆಲಸ ಹೆಣ್ಣಿಗೆ ಎರಡನೆಯ ಉದ್ಯೋಗವಾಗಿರಬೇಕು, ಮೊದಲನೆಯದು ಹೊರಗಿನ ದುಡಿಮೆಯಾಗಬೇಕು ಎಂದು ವಾದಿಸಿದರು. ಗೃಹಕೃತ್ಯಕ್ಕೆ ಬೆಲೆ ಕಟ್ಟಬೇಕೇ, ಗೃಹಿಣಿಯೇ ಸಮಾಜ ಬದಲಿಸಬಲ್ಲಳೇ ಎಂಬ ಪ್ರಶ್ನೆಗಳು ಮುಂದಿನ ವರ್ಷಗಳಲ್ಲಿ ಅದರಿಂದ ಟಿಸಿಲೊಡೆದವು.

ಸರ್ಕಾರದ ನೀತಿ ಗೃಹಿಣಿಯ ಕಡೆಗೇ ವಾಲಿತು. 1961ರಲ್ಲಿ ಬಂದ ಸಂಗಾತಿ ತೆರಿಗೆ ವಿನಾಯಿತಿ, ಹೆಂಡತಿಯ ಆದಾಯ ಒಂದು ಮಿತಿಯೊಳಗಿದ್ದರೆ ಗಂಡನ ತೆರಿಗೆಯನ್ನು ಇಳಿಸಿತು. 1985ರ ಪಿಂಚಣಿ ಸುಧಾರಣೆ, ಸಂಬಳದಾರನನ್ನು ಅವಲಂಬಿಸಿದ ಹೆಂಡತಿಗೆ ವಂತಿಗೆ ಕಟ್ಟದೆಯೇ ಮೂಲ ಪಿಂಚಣಿಯ ಹಕ್ಕು ಕೊಟ್ಟಿತು. ಈ ಎರಡರಿಂದ ಹುಟ್ಟಿದವು '10.3 ಲಕ್ಷ ಯೆನ್ ಗೋಡೆ', '13 ಲಕ್ಷ ಯೆನ್ ಗೋಡೆ' ಎಂಬ ಮಾತುಗಳು. ವರ್ಷದ ಗಳಿಕೆ ಆ ಮಿತಿ ದಾಟದಂತೆ ಲಕ್ಷಾಂತರ ಮಹಿಳೆಯರು ಕೆಲಸದ ಗಂಟೆಗಳನ್ನು ತಾವೇ ಕಡಿಮೆ ಮಾಡಿಕೊಳ್ಳತೊಡಗಿದರು.

ಹಳ್ಳಿಯಲ್ಲಿ ಚಿತ್ರ ಬೇರೆಯಾಗಿತ್ತು. ಸೊಸೆ (ಯೊಮೆ) ಬೆಳಗ್ಗೆ ಎಲ್ಲರಿಗಿಂತ ಮೊದಲು ಎದ್ದು, ರಾತ್ರಿ ಕೊನೆಯಲ್ಲಿ ಮಲಗುವವಳು. ಕೃಷಿ ಸಚಿವಾಲಯ 1948ರಿಂದ ನಡೆಸಿದ ಜೀವನ ಸುಧಾರಣಾ ಕಾರ್ಯಕ್ರಮದ ಕಾರ್ಯಕರ್ತೆಯರು ಹೊಗೆಯಿಲ್ಲದ ಒಲೆ, ಅಡುಗೆಮನೆಯ ಸುಧಾರಣೆಯಿಂದ ಆರಂಭಿಸಿ, ಸೊಸೆಯರು ಕೂಡಿ ಮಾತಾಡುವ ಗುಂಪುಗಳನ್ನು ಕಟ್ಟಿದರು. ಗಂಡಸರು ನಗರದ ಕೂಲಿಗೆ ಹೋದಾಗ ಅಜ್ಜ, ಅಜ್ಜಿ, ತಾಯಿ ಮೂವರೇ ಬೇಸಾಯ ನಡೆಸುವ 'ಸಾನ್‌ಚಾನ್ ನೋಗ್ಯೋ' 1960ರ ದಶಕದಲ್ಲಿ ಮನೆಮಾತಾಯಿತು. ಸಮಪಾಲಿನ ಕಾನೂನಿದ್ದರೂ ಜಮೀನು ಒಡೆಯದಿರಲೆಂದು ಹೆಣ್ಣುಮಕ್ಕಳು ಪಾಲು ಬಿಟ್ಟುಕೊಟ್ಟು ಸಹಿ ಹಾಕುವುದು ವಾಡಿಕೆಯಾಗಿತ್ತು.

ಉದ್ಯೋಗ

ವಯಸ್ಸಿಗೆ ತಕ್ಕಂತೆ ಮಹಿಳಾ ಉದ್ಯೋಗದ ಪ್ರಮಾಣವನ್ನು ರೇಖೆಯಾಗಿ ಬಿಡಿಸಿದರೆ ಜಪಾನಿನಲ್ಲಿ ಅದು ಇಂಗ್ಲಿಷಿನ 'ಎಂ' ಅಕ್ಷರದಂತೆ ಕಾಣುತ್ತಿತ್ತು. ಇಪ್ಪತ್ತರ ಆರಂಭದಲ್ಲಿ ಏರಿಕೆ, ಮದುವೆ ಹೆರಿಗೆಯ ವಯಸ್ಸಿನಲ್ಲಿ ತಗ್ಗು, ಮಕ್ಕಳು ಶಾಲೆಗೆ ಸೇರಿದ ಮೇಲೆ ಮತ್ತೆ ಏರಿಕೆ. ಎರಡನೆಯ ಏರಿಕೆ ಬಹುಪಾಲು 'ಪಾರ್ಟ್' ಎಂದು ಕರೆಯುವ ಗಂಟೆಲೆಕ್ಕದ ಕೆಲಸದ್ದು.

ಕಚೇರಿಯಲ್ಲಿ ಕೆಲಸ ಮಾಡುವ ಯುವತಿಗೆ 'ಓಎಲ್' (ಆಫೀಸ್ ಲೇಡಿ) ಎಂಬ ಹೆಸರನ್ನು 1963ರಲ್ಲಿ 'ಜೋಸೇಯಿ ಜಿಶಿನ್' ವಾರಪತ್ರಿಕೆ ಓದುಗರ ಮತದಿಂದ ಆರಿಸಿ ಜನಪ್ರಿಯಗೊಳಿಸಿತು. ಪ್ರತಿ ಬರೆಯುವುದು, ಚಹಾ ಕೊಡುವುದು, ಅತಿಥಿಗಳನ್ನು ಬರಮಾಡಿಕೊಳ್ಳುವುದು ಅವಳ ಪಾಲು. ಮದುವೆಯಾದ ಕೂಡಲೇ ರಾಜೀನಾಮೆ ಕೊಡುವುದಕ್ಕೆ 'ಮಂಗಳ ನಿವೃತ್ತಿ' (ಕೊತೊಬುಕಿ ತಾಯಿಶಾ) ಎಂಬ ಸವಿಯಾದ ಹೆಸರಿತ್ತು. ಹಲವು ಕಂಪನಿಗಳು ಕೆಲಸಕ್ಕೆ ಸೇರುವಾಗಲೇ ಅದನ್ನು ಬರೆಸಿಕೊಳ್ಳುತ್ತಿದ್ದವು.

ಇದನ್ನು ಮುರಿದದ್ದು ಸಂಸತ್ತಲ್ಲ, ನ್ಯಾಯಾಲಯ. ಸುಮಿತೊಮೊ ಸಿಮೆಂಟ್ ಪ್ರಕರಣದಲ್ಲಿ ಟೋಕಿಯೊ ಜಿಲ್ಲಾ ನ್ಯಾಯಾಲಯ 1966ರಲ್ಲಿ ಮದುವೆಯ ಕಾರಣಕ್ಕೆ ಕೆಲಸದಿಂದ ತೆಗೆಯುವುದು ಅಸಿಂಧು ಎಂದಿತು. ಬ್ಯಾಂಕೊಂದು ಗಂಡಸರಿಗೂ ಹೆಂಗಸರಿಗೂ ಬೇರೆ ಬೇರೆ ವೇತನಪಟ್ಟಿ ಇಟ್ಟಿದ್ದು ಕಾನೂನುಬಾಹಿರವೆಂದು 1975ರಲ್ಲಿ ಅಕಿತಾ ಜಿಲ್ಲಾ ನ್ಯಾಯಾಲಯ ತೀರ್ಪಿತ್ತಿತು. ನಿಸ್ಸಾನ್ ಮೋಟಾರ್ ಪ್ರಕರಣದಲ್ಲಿ ಮಹಿಳೆಯರಿಗೆ ಐದು ವರ್ಷ ಮೊದಲೇ ನಿವೃತ್ತಿ ವಿಧಿಸುವ ನಿಯಮವನ್ನು ಸರ್ವೋಚ್ಚ ನ್ಯಾಯಾಲಯ 1981ರಲ್ಲಿ ರದ್ದುಮಾಡಿತು. ಈ ದಾವೆಗಳನ್ನು ಹೂಡಿದವರು ಸಾಮಾನ್ಯ ನೌಕರರು. ವರ್ಷಗಟ್ಟಲೆ ಅದೇ ಕಚೇರಿಯಲ್ಲಿ, ಅದೇ ಮೇಲಧಿಕಾರಿಗಳ ಎದುರು ಕೂತು ಮೊಕದ್ದಮೆ ನಡೆಸುವುದು ಅವರ ಪಾಲಿಗೆ ಸಣ್ಣ ಮಾತಾಗಿರಲಿಲ್ಲ.

ವಿಶ್ವಸಂಸ್ಥೆಯ ಮಹಿಳಾ ತಾರತಮ್ಯ ನಿವಾರಣಾ ಒಪ್ಪಂದಕ್ಕೆ ಜಪಾನ್ 1980ರಲ್ಲಿ ಸಹಿ ಹಾಕಿ 1985ರಲ್ಲಿ ಅದನ್ನು ಅನುಮೋದಿಸಿತು. ಅದರ ಪೂರ್ವಸಿದ್ಧತೆಯಾಗಿ ಮೂರು ಬದಲಾವಣೆಗಳು ಬೇಕಾದವು. ತಾಯಿಯ ಮೂಲಕವೂ ಪೌರತ್ವ ಸಿಗುವಂತೆ 1984ರಲ್ಲಿ ಪೌರತ್ವ ಕಾಯಿದೆಯನ್ನು ತಿದ್ದಲಾಯಿತು. ಹೆಣ್ಣುಮಕ್ಕಳಿಗೆ ಮಾತ್ರ ಕಡ್ಡಾಯವಾಗಿದ್ದ ಗೃಹವಿಜ್ಞಾನ ಎಲ್ಲರಿಗೂ ಪಾಠವಾಗಬೇಕೆಂದು ತೀರ್ಮಾನವಾಯಿತು. ಇದು ತರಗತಿಗೆ ಬಂದದ್ದು ಮಾಧ್ಯಮಿಕ ಶಾಲೆಯಲ್ಲಿ 1993ರಲ್ಲಿ, ಪ್ರೌಢಶಾಲೆಯಲ್ಲಿ 1994ರಲ್ಲಿ. ಮೂರನೆಯದು 1985ರಲ್ಲಿ ಅಂಗೀಕಾರವಾಗಿ 1986ರ ಏಪ್ರಿಲ್‌ನಲ್ಲಿ ಜಾರಿಯಾದ ಸಮಾನ ಉದ್ಯೋಗಾವಕಾಶ ಕಾಯಿದೆ. ಕಾರ್ಮಿಕ ಸಚಿವಾಲಯದ ಅಧಿಕಾರಿ ಅಕಾಮಾತ್ಸು ರ್ಯೋಕೊ ಉದ್ಯಮಿಗಳ ತೀವ್ರ ವಿರೋಧದ ನಡುವೆ ಅದನ್ನು ದಡ ಮುಟ್ಟಿಸಿದರು. ಅದಕ್ಕೆ ತೆತ್ತ ಬೆಲೆ ದೊಡ್ಡದು. ನೇಮಕ, ಬಡ್ತಿಗಳಲ್ಲಿ ಸಮಾನತೆ ಕೊಡಲು ಮಾಲೀಕರು 'ಪ್ರಯತ್ನಿಸಬೇಕು' ಎಂದಷ್ಟೇ ಕಾಯಿದೆ ಹೇಳಿತು, ಶಿಕ್ಷೆ ಇರಲಿಲ್ಲ. 1997ರ ತಿದ್ದುಪಡಿ ತಾರತಮ್ಯವನ್ನು ನಿಷೇಧಿಸಿ, ಲೈಂಗಿಕ ಕಿರುಕುಳ ತಡೆಯುವ ಹೊಣೆಯನ್ನೂ ಮಾಲೀಕರ ಮೇಲಿಟ್ಟಿತು. ಜೊತೆಗೇ ಮಹಿಳೆಯರ ರಾತ್ರಿಪಾಳಿಯ ಮಿತಿಯೂ ಹೋಯಿತು.

ಕಂಪನಿಗಳು ಕಾಯಿದೆಗೆ ಉತ್ತರವಾಗಿ ಎರಡು ದಾರಿಗಳನ್ನು ತೆರೆದವು. ಬಡ್ತಿಯಿರುವ, ಆದರೆ ತಡರಾತ್ರಿ ದುಡಿಮೆಯನ್ನೂ ದೂರದೂರಿಗೆ ವರ್ಗಾವಣೆಯನ್ನೂ ಒಪ್ಪಿಕೊಳ್ಳಬೇಕಾದ 'ಸೋಗೋಶೋಕು', ಮತ್ತು ಗುಮಾಸ್ತಿಕೆಯ 'ಇಪ್ಪಾನ್‌ಶೋಕು'. ಗೃಹಿಣಿ ಬೆನ್ನಿಗಿರುವ ಗಂಡಸಿಗೆ ಹೊಲಿದ ಮೊದಲನೆಯ ದಾರಿಯಲ್ಲಿ ಕಾಲಿಟ್ಟ ಹೆಂಗಸರು ಬೆರಳೆಣಿಕೆಯಷ್ಟು. ಸಮಾನ ಅವಕಾಶ ಕಾಯಿದೆ, ತಾತ್ಕಾಲಿಕ ಕಾರ್ಮಿಕರ ಪೂರೈಕೆಗೆ ಅನುಮತಿ ಕೊಟ್ಟ ಕಾಯಿದೆ, ಗೃಹಿಣಿ ಪಿಂಚಣಿ ಈ ಮೂರೂ 1985ರಲ್ಲೇ ಬಂದವು. ಮಹಿಳೆಯರನ್ನು ಅಧಿಕಾರಿ, ಗುತ್ತಿಗೆ ನೌಕರಳು, ಗೃಹಿಣಿ ಎಂದು ವಿಂಗಡಿಸಿದ ವರ್ಷವೆಂದು ಸ್ತ್ರೀವಾದಿ ವಿದ್ವಾಂಸರು ಅದನ್ನು ಗುರುತಿಸುತ್ತಾರೆ.

ಮಹಿಳಾ ಸಂಘಟನೆಗಳು

ಯುದ್ಧೋತ್ತರ ಸಂಘಟನೆಗಳಲ್ಲಿ ಎರಡು ಬಗೆ ಕಾಣುತ್ತದೆ. ಮೊದಲನೆಯದು ಗೃಹಿಣಿ, ತಾಯಿ ಎಂಬ ಪಾತ್ರವನ್ನೇ ಶಕ್ತಿಯಾಗಿ ಬಳಸಿದ್ದು. ಓಕು ಮುಮೆಯೊ 1948ರಲ್ಲಿ ಕಟ್ಟಿದ ಗೃಹಿಣಿಯರ ಒಕ್ಕೂಟ (ಶುಫುರೆನ್) ಹೊತ್ತಿಕೊಳ್ಳದ ಬೆಂಕಿಕಡ್ಡಿಗಳ ವಿರುದ್ಧದ ಹೋರಾಟದಿಂದ ಹುಟ್ಟಿತು. ಅನ್ನ ಬಡಿಸುವ ದೊಡ್ಡ ಸೌಟು ಅದರ ಲಾಂಛನ. ಬೆಲೆ ಏರಿಕೆ, ಕಲಬೆರಕೆಯ ವಿರುದ್ಧ ಮೆರವಣಿಗೆಗಳಲ್ಲಿ ಅದನ್ನು ಹಿಡಿದು ಸಾಗುತ್ತಿದ್ದರು. ಪರಮಾಣು ಪರೀಕ್ಷೆಗಳ ವಿರೋಧದ ಹಿನ್ನೆಲೆಯಲ್ಲಿ 1955ರಲ್ಲಿ ತಾಯಂದಿರ ಮಹಾಸಮ್ಮೇಳನ ಆರಂಭವಾಯಿತು. ಟೋಕಿಯೊದ ಸೆತಗಾಯಾದಲ್ಲಿ 1965ರಲ್ಲಿ ಹಾಲನ್ನು ಒಟ್ಟಾಗಿ ಕೊಳ್ಳುವುದರಿಂದ ಶುರುವಾದ 'ಸೇಯಿಕಾತ್ಸು ಕ್ಲಬ್' ಸಹಕಾರಿ ಸಂಘ ಮುಂದೆ ಗೃಹಿಣಿಯರನ್ನು ಸ್ಥಳೀಯ ಸಂಸ್ಥೆಗಳ ಚುನಾವಣೆಗೆ ನಿಲ್ಲಿಸಿತು. ದುಡಿಯುವ ತಾಯಂದಿರು 'ಅಂಚೆಪೆಟ್ಟಿಗೆಗಳಿರುವಷ್ಟು ಶಿಶುಪಾಲನಾ ಕೇಂದ್ರಗಳು ಬೇಕು' ಎಂದು ಒತ್ತಾಯಿಸಿದ್ದೂ ಈ ಕಾಲದ್ದೇ.

ಎರಡನೆಯ ಬಗೆ ಆ ಪಾತ್ರವನ್ನೇ ಪ್ರಶ್ನಿಸಿತು. 1960ರ ದಶಕದ ಕೊನೆಯ ವಿದ್ಯಾರ್ಥಿ ಚಳವಳಿಯಲ್ಲಿ ಕ್ರಾಂತಿಯ ಮಾತಾಡುವ ಗಂಡಸರು ತಮ್ಮಿಂದ ಅಡುಗೆ ಮಾಡಿಸುತ್ತಿದ್ದುದನ್ನು ಕಂಡ ಯುವತಿಯರು 1970ರಲ್ಲಿ 'ಊಮನ್ ರಿಬು' (ಮಹಿಳಾ ವಿಮೋಚನೆ) ಚಳವಳಿ ಹುಟ್ಟುಹಾಕಿದರು. ತಾನಾಕಾ ಮಿತ್ಸು ಆ ವರ್ಷ ಹಂಚಿದ ಕರಪತ್ರ, ಗಂಡಸಿನ ಕಣ್ಣಲ್ಲಿ ಹೆಣ್ಣು ಒಂದೋ ತಾಯಿ, ಇಲ್ಲವೇ ಕಾಮ ತೀರಿಸಿಕೊಳ್ಳುವ ಪಾಯಿಖಾನೆ ಎಂದು ನೇರವಾಗಿ ಆರೋಪಿಸಿತು. 1970ರ ಅಕ್ಟೋಬರ್ 21ರಂದು ಟೋಕಿಯೊದಲ್ಲಿ ಮಹಿಳೆಯರದ್ದೇ ಮೆರವಣಿಗೆ ನಡೆಯಿತು. 1971ರಲ್ಲಿ ನಾಗಾನೊದಲ್ಲಿ ಶಿಬಿರ, 1972ರಿಂದ 1977ರವರೆಗೆ ಶಿಂಜುಕುವಿನಲ್ಲಿ ಕೇಂದ್ರ ನಡೆದವು. ಪತ್ರಿಕೆಗಳು ಇವರನ್ನು ಬಹುಪಾಲು ಗೇಲಿ ಮಾಡಿದವು. 1975ರಲ್ಲಿ ಅಡುಗೆ ಮಾಡುವವಳು ಹೆಣ್ಣು, ಉಣ್ಣುವವನು ಗಂಡು ಎಂಬ ಅರ್ಥದ ನೂಡಲ್ಸ್ ಜಾಹೀರಾತನ್ನು ಮಹಿಳಾ ಗುಂಪು ಪ್ರತಿಭಟಿಸಿ ನಿಲ್ಲಿಸಿದಾಗಲೂ ಅವೇ ಪತ್ರಿಕೆಗಳು ನಕ್ಕವು. ಜಾಹೀರಾತು ಮಾತ್ರ ಮರಳಿ ಬರಲಿಲ್ಲ.

ದೇಹ ಮತ್ತು ಸಂತಾನ

1948ರ ಸುಪ್ರಜನನ ಸಂರಕ್ಷಣಾ ಕಾಯಿದೆ, ಮರುವರ್ಷದ ತಿದ್ದುಪಡಿಯೊಂದಿಗೆ, ಆರ್ಥಿಕ ಕಾರಣಕ್ಕೆ ಗರ್ಭಪಾತವನ್ನು ಅನುಮತಿಸಿತು. ಜನಸಂಖ್ಯೆಯನ್ನು ಹಿಡಿತಕ್ಕೆ ತರುವುದೇ ಉದ್ದೇಶವಾಗಿತ್ತು, ಮಹಿಳೆಯ ಹಕ್ಕಲ್ಲ. ಗಂಡನ ಒಪ್ಪಿಗೆ ಬೇಕೆಂಬ ಷರತ್ತು ಅದರಲ್ಲಿತ್ತು. 1955ರಲ್ಲಿ ದಾಖಲಾದ ಗರ್ಭಪಾತಗಳೇ ಸುಮಾರು 11 ಲಕ್ಷ 70 ಸಾವಿರ. ಆರ್ಥಿಕ ಕಾರಣವನ್ನು ತೆಗೆದುಹಾಕುವ ಮಸೂದೆಯನ್ನು 1970ರ ದಶಕದ ಮೊದಲ ಭಾಗದಲ್ಲಿ ರಿಬು ಗುಂಪುಗಳು ತಡೆದವು. ಹುಟ್ಟಲಿರುವ ಶಿಶುವಿಗೆ ದೋಷವಿದ್ದರೆ ಗರ್ಭಪಾತಕ್ಕೆ ಅವಕಾಶ ಕೊಡುವ ಅಂಶವೂ ಅದರಲ್ಲಿದ್ದುದರಿಂದ ಅಂಗವಿಕಲರ ಸಂಘಟನೆಗಳೂ ವಿರೋಧಿಸಿದವು. 'ಹೆರುವುದೂ ಬಿಡುವುದೂ ಹೆಣ್ಣಿನ ಹಕ್ಕು' ಎಂಬ ಘೋಷಣೆಯನ್ನು ಅವು ರಿಬು ಗುಂಪುಗಳ ಎದುರೂ ಪ್ರಶ್ನಿಸಿದ್ದರಿಂದ ಚಳವಳಿಯ ವಿಚಾರ ಇನ್ನಷ್ಟು ಆಳವಾಯಿತು. ಇದೇ ಕಾಯಿದೆಯಡಿ ನಡೆದ ಬಲವಂತದ ಸಂತಾನಹರಣ ಸಂವಿಧಾನಬಾಹಿರವೆಂದು ಸರ್ವೋಚ್ಚ ನ್ಯಾಯಾಲಯ ಹೇಳಿದ್ದು 2024ರ ಜುಲೈನಲ್ಲಿ. ಅಷ್ಟರಲ್ಲಿ ಕಾಯಿದೆ 1996ರಲ್ಲಿ ಮಾತೃದೇಹ ಸಂರಕ್ಷಣಾ ಕಾಯಿದೆಯಾಗಿ ಬದಲಾಗಿತ್ತು.

ಕಡಿಮೆ ಪ್ರಮಾಣದ ಗರ್ಭನಿರೋಧಕ ಮಾತ್ರೆಗೆ ದಶಕಗಳ ತಡೆಯ ಬಳಿಕ 1999ರಲ್ಲಿ ಅನುಮತಿ ದೊರೆಯಿತು. ಅದೇ ವರ್ಷ ಗಂಡಸರ ವಯಾಗ್ರ ಮಾತ್ರೆಗೆ ಅರ್ಧ ವರ್ಷದ ಪರಿಶೀಲನೆಯಲ್ಲೇ ಅನುಮತಿ ಸಿಕ್ಕಿತ್ತು. ಗರ್ಭಪಾತದ ಮಾತ್ರೆ 2023ರಲ್ಲಿ ಬಂತು.

1956ರ ವೇಶ್ಯಾವೃತ್ತಿ ತಡೆ ಕಾಯಿದೆ ಮಹಿಳಾ ಸಂಸದರು ಪಕ್ಷಭೇದ ಮರೆತು ಸಾಧಿಸಿದ್ದು. ಆದರೆ ಗಿರಾಕಿಗೆ ಶಿಕ್ಷೆಯಿಲ್ಲದೆ, ಬೀದಿಯಲ್ಲಿ ಕರೆದ ಹೆಣ್ಣಿಗೆ ಮಾತ್ರ ಶಿಕ್ಷೆಯಿರುವುದು ಅದರ ದೊಡ್ಡ ಕೊರತೆ. ಸಂಗಾತಿ ಹಿಂಸೆ ತಡೆ ಕಾಯಿದೆ 2001ರದು. ಅತ್ಯಾಚಾರದ ಕಾನೂನು 2017ರಲ್ಲೂ 2023ರಲ್ಲೂ ತಿದ್ದುಪಡಿಯಾಯಿತು. ಎರಡನೆಯ ತಿದ್ದುಪಡಿ ಒಪ್ಪಿಗೆಯಿಲ್ಲದ ಸಂಭೋಗವನ್ನೇ ಅಪರಾಧವೆಂದು ಹೆಸರಿಸಿ, ಒಪ್ಪಿಗೆಯ ವಯಸ್ಸನ್ನು 13ರಿಂದ 16ಕ್ಕೆ ಏರಿಸಿತು. ಈ ಬದಲಾವಣೆಯ ಹಿಂದೆ 2019ರಿಂದ ಊರೂರಲ್ಲಿ ಹೂ ಹಿಡಿದು ನಿಂತ ಸಂತ್ರಸ್ತೆಯರ 'ಫ್ಲವರ್ ಡೆಮೊ' ಸಭೆಗಳಿದ್ದವು.

ಮದುವೆ, ಒಂಟಿ ಬದುಕು, ಆರೈಕೆ

ಮಹಿಳೆಯರ ಅತಿ ಪರಿಣಾಮಕಾರಿ ಪ್ರತಿಭಟನೆ ಮೆರವಣಿಗೆಯಲ್ಲಿ ಕಾಣಲಿಲ್ಲ, ಮದುವೆಯ ಅಂಕಿಅಂಶಗಳಲ್ಲಿ ಕಾಣಿಸಿತು. 1970ರಲ್ಲಿ ಸುಮಾರು 24 ವರ್ಷವಿದ್ದ ವಧುವಿನ ಸರಾಸರಿ ವಯಸ್ಸು ಈಗ 30ರ ಹತ್ತಿರಕ್ಕೆ ಬಂದಿದೆ. 2020ರ ಜನಗಣತಿಯಲ್ಲಿ 50ರ ವಯಸ್ಸಿನ ಮಹಿಳೆಯರಲ್ಲಿ ಸರಿಸುಮಾರು ಆರರಲ್ಲಿ ಒಬ್ಬರು ಎಂದೂ ಮದುವೆಯಾಗಿರಲಿಲ್ಲ. ವಿವಾಹಬಾಹಿರ ಜನನಗಳು ಶೇ. 2ರ ಆಸುಪಾಸಿನಲ್ಲೇ ಇರುವುದರಿಂದ ಮದುವೆ ಮುಂದಕ್ಕೆ ಹೋದರೆ ಹೆರಿಗೆಯೂ ಹೋಗುತ್ತದೆ. ಬೆಂಕಿ ಕುದುರೆ ವರ್ಷದಲ್ಲಿ ಹುಟ್ಟಿದ ಹೆಣ್ಣು ಗಂಡನಿಗೆ ಕೇಡು ಎಂಬ ಮೂಢನಂಬಿಕೆಯಿಂದ 1966ರಲ್ಲಿ ಜನನ ದರ (ಒಬ್ಬ ಮಹಿಳೆಗೆ ಸರಾಸರಿ ಮಕ್ಕಳ ಸಂಖ್ಯೆ) 1.58ಕ್ಕೆ ಇಳಿದಿತ್ತು. 1989ರಲ್ಲಿ ಅಂಥ ಯಾವ ನಂಬಿಕೆಯ ಕಾರಣವೂ ಇಲ್ಲದೆ 1.57 ಆದಾಗ ಸರ್ಕಾರ ಎಚ್ಚೆತ್ತಿತು. 1991ರ ಶಿಶುಪಾಲನಾ ರಜೆ ಕಾಯಿದೆ ಈ ಆಘಾತದ ಫಲ. 2024ರಲ್ಲಿ ದರ 1.15.

ಒಂಟಿ ಮಹಿಳೆಯನ್ನು ಹೀಗಳೆಯುವ ಮಾತುಗಳೂ ಹುಟ್ಟಿದವು. 25 ದಾಟಿದ ಹೆಣ್ಣನ್ನು ಡಿಸೆಂಬರ್ 25ರ ನಂತರ ಮಾರಾಟವಾಗದ ಕ್ರಿಸ್‌ಮಸ್ ಕೇಕ್ ಎನ್ನುತ್ತಿದ್ದರು. ಲೇಖಕಿ ಸಾಕಾಯಿ ಜುಂಕೊ 2003ರಲ್ಲಿ ಮೂವತ್ತು ದಾಟಿದ ಅವಿವಾಹಿತೆಯರನ್ನು 'ಸೋತ ನಾಯಿ' (ಮಾಕೆಇನು) ಎಂದು ವ್ಯಂಗ್ಯವಾಗಿ ಕರೆದು, ಆ ಬೈಗುಳವನ್ನೇ ಗುರಾಣಿ ಮಾಡಿಕೊಂಡರು.

ಅತ್ತೆಮಾವಂದಿರ ಆರೈಕೆ ಸೊಸೆಯ ಸಹಜ ಕರ್ತವ್ಯವೆಂಬ ನಂಬಿಕೆಗೆ ದೊಡ್ಡ ಪೆಟ್ಟು ಕೊಟ್ಟದ್ದು ಆರಿಯೋಶಿ ಸಾವಾಕೊ ಅವರ 1972ರ ಕಾದಂಬರಿ 'ಕೋಕೊತ್ಸು ನೊ ಹಿತೊ'. ಮರೆವಿನ ರೋಗದ ಮಾವನನ್ನು ನೋಡಿಕೊಳ್ಳುವ ಉದ್ಯೋಗಸ್ಥ ಸೊಸೆಯ ಕಥೆ ಅದು. ಆರೈಕೆಯ ಹೊಣೆಯಲ್ಲಿ ಒಂದು ಪಾಲನ್ನು ಸಮಾಜಕ್ಕೆ ವರ್ಗಾಯಿಸಿದ ದೀರ್ಘಾವಧಿ ಆರೈಕೆ ವಿಮೆ 2000ದಲ್ಲಿ ಜಾರಿಗೆ ಬಂತು. ವಿಚ್ಛೇದನದಲ್ಲಿ ಗಂಡನ ಪಿಂಚಣಿಯನ್ನು ಹಂಚಿಕೊಳ್ಳುವ ಅವಕಾಶ 2007ರಿಂದ ಇದೆ. ಒಂಟಿ ತಾಯಂದಿರ ಸ್ಥಿತಿ ಇನ್ನೂ ಕಷ್ಟದ್ದೇ. ಅವರಲ್ಲಿ ಹೆಚ್ಚಿನವರು ದುಡಿಯುತ್ತಾರೆ, ಆದರೂ ಒಂಟಿ ಪೋಷಕರ ಕುಟುಂಬಗಳಲ್ಲಿ ಅರ್ಧದ ಸಮೀಪ ಬಡತನದಲ್ಲಿವೆ.

ಸಾಹಿತ್ಯ ಮತ್ತು ಸಿನಿಮಾ

ನಾರುಸೆ ಮಿಕಿಯೊ ಅವರ 1960ರ ಚಿತ್ರ 'ಓನ್ನಾ ಗಾ ಕೈದಾನ್ ಓ ಆಗರು ತೋಕಿ' ಟೋಕಿಯೊದ ಗಿಂಜಾದ ಬಾರ್ ನಡೆಸುವ ವಿಧವೆಯ ಹಣದ ಲೆಕ್ಕಾಚಾರವನ್ನು ಯಾವ ಭಾವುಕತೆಯೂ ಇಲ್ಲದೆ ತೋರಿಸುತ್ತದೆ. ನಟಿ ತಾನಾಕಾ ಕಿನುಯೊ 1953ರಿಂದ ನಿರ್ದೇಶಕಿಯೂ ಆಗಿ ಸ್ತ್ರೀಕೇಂದ್ರಿತ ಚಿತ್ರಗಳನ್ನು ಮಾಡಿದರು. ಗಂಡನಿಂದ ಬೇರೆಯಾಗಿ ಮಗುವಿನೊಡನೆ ಬದುಕುವ ತಾಯಿಯನ್ನು ತ್ಸುಶಿಮಾ ಯೂಕೊ 1970ರ ದಶಕದ ಕೊನೆಯಲ್ಲಿ ಬರೆದ ಕಥೆಗಳು ಮುಂದಿಟ್ಟವು. ಮುರಾತಾ ಸಾಯಾಕಾ ಅವರ, 2016ರಲ್ಲಿ ಅಕುತಾಗಾವಾ ಪ್ರಶಸ್ತಿ ಪಡೆದ 'ಕೊಂಬಿನಿ ನಿಂಗೆನ್' ಮದುವೆಯನ್ನೂ ಬಡ್ತಿಯನ್ನೂ ಬಯಸದ ಅಂಗಡಿ ನೌಕರಳ ಕಥೆ. ವೈಚಾರಿಕ ಬರಹದಲ್ಲಿ ಸಮಾಜಶಾಸ್ತ್ರಜ್ಞೆ ಉಯೆನೊ ಚಿಜುಕೊ ಅವರ 1990ರ 'ಕಾಫುಚೋಸೇಯಿ ತೊ ಶಿಹೊನ್‌ಸೇಯಿ' ಗೃಹಕೃತ್ಯದ ಅರ್ಥಶಾಸ್ತ್ರವನ್ನು ವಿಶ್ಲೇಷಿಸಿದ ಮುಖ್ಯ ಗ್ರಂಥ.

ರಾಜಕೀಯ

ಇಚಿಕಾವಾ ಫುಸಾಯೆ 1953ರಲ್ಲಿ ಮೇಲ್ಮನೆಗೆ ಪಕ್ಷೇತರರಾಗಿ ಆಯ್ಕೆಯಾಗಿ, 1980ರ ಚುನಾವಣೆಯಲ್ಲಿ ರಾಷ್ಟ್ರೀಯ ಕ್ಷೇತ್ರದಲ್ಲಿ ಎಲ್ಲರಿಗಿಂತ ಹೆಚ್ಚು ಮತ ಪಡೆದರು. ನಾಕಾಯಾಮಾ ಮಾಸಾ 1960ರಲ್ಲಿ ಮೊದಲ ಮಹಿಳಾ ಸಚಿವೆಯಾದರು. ಸಮಾಜವಾದಿ ಪಕ್ಷದ ದೋಯಿ ತಾಕಾಕೊ 1986ರಲ್ಲಿ ಪ್ರಮುಖ ಪಕ್ಷವೊಂದರ ಮೊದಲ ಮಹಿಳಾ ಅಧ್ಯಕ್ಷೆಯಾದರು. ಬಳಕೆ ತೆರಿಗೆಯ ಮೇಲಿನ ಗೃಹಿಣಿಯರ ಸಿಟ್ಟಿನ ನಡುವೆ 1989ರ ಮೇಲ್ಮನೆ ಚುನಾವಣೆಯಲ್ಲಿ 22 ಮಹಿಳೆಯರು ಗೆದ್ದರು. 1993ರಲ್ಲಿ ದೋಯಿ ಕೆಳಮನೆಯ ಮೊದಲ ಮಹಿಳಾ ಸಭಾಧ್ಯಕ್ಷೆಯಾದರು. 2018ರ ಕಾನೂನು ಪಕ್ಷಗಳು ಸಮಸಂಖ್ಯೆಯಲ್ಲಿ ಮಹಿಳಾ ಅಭ್ಯರ್ಥಿಗಳನ್ನು ನಿಲ್ಲಿಸಲು ಯತ್ನಿಸಬೇಕೆನ್ನುತ್ತದೆ, ಮೀಸಲಾತಿಯಿಲ್ಲ. 2024ರ ಅಕ್ಟೋಬರ್ ಚುನಾವಣೆಯಲ್ಲಿ ಕೆಳಮನೆಯ 465 ಸ್ಥಾನಗಳಲ್ಲಿ 73 ಮಹಿಳೆಯರ ಪಾಲಾದವು. 2025ರ ಅಕ್ಟೋಬರ್ 21ರಂದು ತಾಕಾಯಿಚಿ ಸನಾಯೆ ಮೊದಲ ಮಹಿಳಾ ಪ್ರಧಾನಿಯಾದರು. ಸಂಪ್ರದಾಯವಾದಿ ನಿಲುವಿನ ಅವರ ಮೊದಲ ಸಂಪುಟದಲ್ಲಿ ಸಚಿವೆಯರು ಇಬ್ಬರು. ಚಕ್ರವರ್ತಿ ಪೀಠ 1947ರ ರಾಜಮನೆತನ ಕಾಯಿದೆಯಂತೆ ಪುರುಷರಿಗೇ ಮೀಸಲು.

ಇಂದಿನ ಸ್ಥಿತಿ

15ರಿಂದ 64ರ ವಯಸ್ಸಿನ ಮಹಿಳೆಯರಲ್ಲಿ ಶೇ. 70ಕ್ಕಿಂತ ಹೆಚ್ಚಿನವರು ಈಗ ಉದ್ಯೋಗದಲ್ಲಿದ್ದಾರೆ. 'ಎಂ' ರೇಖೆಯ ತಗ್ಗು ಬಹುತೇಕ ತುಂಬಿದೆ. ಆದರೆ ದುಡಿಯುವ ಮಹಿಳೆಯರಲ್ಲಿ ಅರ್ಧಕ್ಕಿಂತ ಹೆಚ್ಚಿನವರು ಖಾಯಂ ನೌಕರರಲ್ಲ. ಪೂರ್ಣಾವಧಿ ನೌಕರರಲ್ಲಿ ಗಂಡು ಹೆಣ್ಣಿನ ವೇತನದ ಅಂತರ ಐದನೆಯ ಒಂದು ಪಾಲಿನಷ್ಟಿದೆ. ಶಿಶುಪಾಲನಾ ರಜೆ ತೆಗೆದುಕೊಳ್ಳುವ ತಂದೆಯರ ಪ್ರಮಾಣ 2023ರಲ್ಲಿ ಶೇ. 30, 2024ರಲ್ಲಿ ಶೇ. 40 ದಾಟಿತು, ರಜೆಯ ಅವಧಿ ತಾಯಂದಿರದಕ್ಕಿಂತ ಬಹಳ ಚಿಕ್ಕದು. ಟೋಕಿಯೊದ ವೈದ್ಯಕೀಯ ವಿಶ್ವವಿದ್ಯಾಲಯವೊಂದು ಪ್ರವೇಶ ಪರೀಕ್ಷೆಯಲ್ಲಿ ವಿದ್ಯಾರ್ಥಿನಿಯರ ಅಂಕಗಳನ್ನು ವರ್ಷಗಟ್ಟಲೆ ಕಡಿತ ಮಾಡಿದ್ದು 2018ರಲ್ಲಿ ಬಯಲಾಯಿತು. ಕಚೇರಿಯಲ್ಲಿ ಎತ್ತರದ ಹಿಮ್ಮಡಿಯ ಬೂಟು ಕಡ್ಡಾಯ ಮಾಡುವುದರ ವಿರುದ್ಧ ಇಶಿಕಾವಾ ಯುಮಿ 2019ರಲ್ಲಿ 'ಕುಟೂ' ಅಭಿಯಾನ ನಡೆಸಿದರು. ವಿಶ್ವ ಆರ್ಥಿಕ ವೇದಿಕೆಯ 2025ರ ಲಿಂಗ ಅಂತರ ಪಟ್ಟಿಯ 148 ದೇಶಗಳಲ್ಲಿ ಜಪಾನಿನ ಸ್ಥಾನ 118. ಆರೋಗ್ಯ ಮತ್ತು ಶಿಕ್ಷಣದಲ್ಲಿ ಅಂಕ ಉತ್ತಮವಾಗಿದ್ದು ರಾಜಕೀಯ, ಆರ್ಥಿಕ ಅಧಿಕಾರದಲ್ಲಿ ಅದು ತೀರ ಕೆಳಗಿದೆ.

ಸಂಹಿತೆಯ ಹಳೆಯ ಕಲಮುಗಳು ಒಂದೊಂದಾಗಿ ಹೋಗುತ್ತಿವೆ. ವಿವಾಹಬಾಹಿರ ಮಕ್ಕಳಿಗೆ ಅರ್ಧಪಾಲು ಎಂಬ ನಿಯಮ 2013ರಲ್ಲಿ ರದ್ದಾಯಿತು. ಹೆಣ್ಣಿನ ಮದುವೆಯ ಕನಿಷ್ಠ ವಯಸ್ಸು 2022ರಲ್ಲಿ 16ರಿಂದ 18ಕ್ಕೆ ಏರಿ ಗಂಡಿನದಕ್ಕೆ ಸಮವಾಯಿತು. ವಿಚ್ಛೇದನದ ಬಳಿಕ ಹೆಣ್ಣು ಮರುಮದುವೆಗೆ ಕಾಯಬೇಕೆಂಬ ನಿಯಮ 2024ರ ಏಪ್ರಿಲ್‌ನಲ್ಲಿ ಕೊನೆಗೊಂಡಿತು. ಉಳಿದಿರುವುದು ಮನೆಹೆಸರಿನ 750ನೆಯ ಕಲಮು. ಬೇಕಾದವರು ಬೇರೆ ಬೇರೆ ಮನೆಹೆಸರು ಇಟ್ಟುಕೊಳ್ಳಲು ಅವಕಾಶ ಕೊಡಬೇಕೆಂದು ಕಾನೂನು ಸಲಹಾ ಮಂಡಳಿ 1996ರಲ್ಲೇ ಶಿಫಾರಸು ಮಾಡಿತು. ಸರ್ವೋಚ್ಚ ನ್ಯಾಯಾಲಯ 2015ರಲ್ಲೂ 2021ರಲ್ಲೂ ಆ ಕಲಮನ್ನು ಎತ್ತಿಹಿಡಿದು, ತೀರ್ಮಾನ ಸಂಸತ್ತಿನದು ಎಂದಿತು. ವಿರೋಧ ಪಕ್ಷಗಳ ಮಸೂದೆಗಳು 2025ರಲ್ಲಿ 28 ವರ್ಷಗಳ ನಂತರ ಸಮಿತಿಯ ಚರ್ಚೆಗೆ ಬಂದವು, ಮತಕ್ಕೆ ಹೋಗದೆ ಮುಂದೂಡಲ್ಪಟ್ಟವು. ಗಂಡ ಹೆಂಡಿರಿಗೆ ಒಂದೇ ಮನೆಹೆಸರನ್ನು ಕಾನೂನಿನಿಂದ ಕಡ್ಡಾಯ ಮಾಡಿರುವ ದೇಶ, ಆ ದೇಶದ ಸರ್ಕಾರಕ್ಕೆ ತಿಳಿದಿರುವ ಮಟ್ಟಿಗೆ, ಜಪಾನ್ ಒಂದೇ.